ಮಡಚುವ ಬಾಗಿಲಿನ ತೆರಪು: ಅಳತೆ ಮತ್ತು ಲೆಕ್ಕ

ಬೈಫೋಲ್ಡ್ ಎಂದು ಕರೆಯಲ್ಪಡುವ ಮಡಚುವ ಬಾಗಿಲನ್ನು ನಿರ್ದಿಷ್ಟವಾದ ಒಂದೇ ತೆರಪಿಗೆ ತಯಾರಿಸಲಾಗುತ್ತದೆ. ಅಳತೆ ತಪ್ಪಿದ ಬಾಗಿಲಿಗೆ ಬೇರೊಬ್ಬ ಗ್ರಾಹಕ ದೊರೆಯುವುದು ದುರ್ಲಭ. ದಾಸ್ತಾನನ್ನು ವೆಚ್ಚ ಅಥವಾ ನಿವ್ವಳ ಮಾರಾಟ ಮೌಲ್ಯ, ಇವೆರಡರಲ್ಲಿ ಕಡಿಮೆಯಾದುದಕ್ಕೆ ತೋರಿಸಬೇಕೆಂಬುದು ಲೆಕ್ಕಪತ್ರ ಮಾನಕ 2ರ ನಿಯಮ. ಅದರಂತೆ ಇಂತಹ ಬಾಗಿಲು ಪುಸ್ತಕದಲ್ಲಿ ಗುಜರಿ ಬೆಲೆಗೆ ಇಳಿಯುತ್ತದೆ.

ಗೊಂದಲಕ್ಕೆ ಕಾರಣ, "ಬಾಗಿಲಿನ ಅಳತೆ" ಎಂಬ ಮಾತಿಗೆ ಮೂರು ಅರ್ಥಗಳಿರುವುದು: ಗಿಲಾವಿಗೆ ಮುಂಚಿನ ತೆರಪು, ಗಿಲಾವು ಮತ್ತು ನೆಲಹಾಸು ಮುಗಿದ ತೆರಪು, ಚೌಕಟ್ಟಿನ ಹೊರ ಅಳತೆ. ಉದಾಹರಣೆಗೆ, ಗೋಡೆಯ ತೆರಪು 3000 ಮಿ.ಮೀ. ಅಗಲ, 2400 ಮಿ.ಮೀ. ಎತ್ತರವೆಂದಿಟ್ಟುಕೊಳ್ಳೋಣ. ಎರಡೂ ಪಕ್ಕ 12 ಮಿ.ಮೀ. ಗಿಲಾವು ಬಂದರೆ ಉಳಿಯುವುದು 2976. ಚೌಕಟ್ಟನ್ನು ತೂಕಕ್ಕೆ ನಿಲ್ಲಿಸಲು ಪಕ್ಕಕ್ಕೆ 10ರಂತೆ ಬಿಟ್ಟರೆ ಚೌಕಟ್ಟು 2956. ಎತ್ತರದಲ್ಲಿ ಗ್ರಾನೈಟ್ ಮತ್ತು ಅದರ ಗಾರೆಗೆ 50, ಮೇಲಿನ ಗಿಲಾವಿಗೆ 10, ಮೇಲ್ಗಡೆಯ ಸಂದಿಗೆ 12 ಕಳೆದು 2328. ಅಗಲವನ್ನು ಮೇಲೆ, ನಡುವೆ, ಕೆಳಗೆ ಅಳೆದು ಅತಿ ಕಡಿಮೆಯಾದುದನ್ನೇ ಹಿಡಿಯತಕ್ಕದ್ದು. ಕರ್ಣಗಳೆರಡೂ ಸಮವಿಲ್ಲದಿದ್ದರೆ ಮೂಲೆ ಮಟ್ಟವಾಗಿಲ್ಲವೆಂದೇ ಅರ್ಥ.

ಮೇಲಿನ ಸಂದಿಯನ್ನು ಅಲಕ್ಷಿಸುವವರೇ ಹೆಚ್ಚು. ಐ.ಎಸ್. 456:2000ರ ಪ್ರಕಾರ, ಒಳಗೋಡೆ ಹಾಗೂ ಅಂತಿಮ ಕೆಲಸಗಳು ಮುಗಿದ ನಂತರ ತೊಲೆಯು ತನ್ನ ಅಂತರದ 350ನೆಯ ಒಂದು ಭಾಗ ಅಥವಾ 20 ಮಿ.ಮೀ., ಯಾವುದು ಕಡಿಮೆಯೋ ಅಷ್ಟು ಬಾಗಬಹುದು. 3 ಮೀಟರಿಗೆ ಇದು ಸುಮಾರು 8.6 ಮಿ.ಮೀ. ಕಟ್ಟಡಕ್ಕೆ ನಿರಪಾಯವಾದ ಈ ಬಾಗು ಬಾಗಿಲನ್ನು ಬಿಗಿದುಹಿಡಿಯಬಲ್ಲದು. ಆರು ಮಿ.ಮೀ.ನ ಎರಡು ಗಾಜುಗಳಿದ್ದರೆ ಚದರ ಮೀಟರಿಗೆ ಗಾಜೇ 30 ಕಿ.ಗ್ರಾಂ. ತೂಗುತ್ತದೆ, ಬಾಗಿಲನ್ನು ಮಡಚಿದಾಗ ಈ ಭಾರವೆಲ್ಲ ಒಂದೇ ಪಕ್ಕಕ್ಕೆ ಸೇರುತ್ತದೆ. ಮೇಲಿನಿಂದ ತೂಗುವ ಮಾದರಿಯಲ್ಲಿ ಅದನ್ನು ಹೊರುವುದು ಲಿಂಟಲ್. ಅದಕ್ಕೆ ಹಾಕಿದ ಕಬ್ಬಿಣದ ವಿವರ ದೊರೆಯದ ಹಳೆಯ ಮನೆಗಳಲ್ಲಿ, ಭಾರವನ್ನು ನೆಲಕ್ಕೆ ಬಿಡುವ, ಕೆಳಗೆ ಗಾಲಿಯಿರುವ ಮಾದರಿಯೇ ಲೇಸು. ಹಗುರ ಬ್ಲಾಕಿನ ಗೋಡೆಯಾದರೆ ಪಕ್ಕಗಳಲ್ಲಿ ಕಾಂಕ್ರೀಟ್ ಪಟ್ಟಿ ಹಾಕಿಸದೆ ತಿರುಪುಗಳು ಭದ್ರವಾಗಿ ನಿಲ್ಲಲಾರವು.

ಇನ್ನು ಬಿಲ್ಲಿನ ವಿಷಯ. ಮೇಲಿನ ತೆರಪು 77.5 ಚದರ ಅಡಿ. ಚೌಕಟ್ಟು ಸುಮಾರು 74.1. ಚದರ ಅಡಿಗೆ 1,500 ರೂ. ದರವೆಂದು ಭಾವಿಸಿದರೆ ವ್ಯತ್ಯಾಸ 5,100 ರೂ.ಗಳಷ್ಟು. ಯಾವ ಅಳತೆಗೆ ದರವೆಂಬುದನ್ನು ದರಪಟ್ಟಿಯಲ್ಲಿ ಬರೆಯದಿದ್ದರೆ, ಗ್ರಾಹಕನು ಟೇಪು ಹಿಡಿದ ದಿನವೇ ಬಾಕಿ ನಿಲ್ಲುತ್ತದೆ. ಮೂರೂ ಅಳತೆಗಳು, ನೆಲಹಾಸಿನ ದಪ್ಪ, ಅಳೆದ ದಿನಾಂಕ, ಉಭಯತರ ಸಹಿ ಇರುವ ಒಂದು ಹಾಳೆ ಕೈಸೇರುವವರೆಗೆ ಅಲ್ಯೂಮಿನಿಯಂ ಕತ್ತರಿಸಕೂಡದು. ಸಹಿಯಾದ ಮೇಲೆ ಗ್ರಾಹಕನು ಗ್ರಾನೈಟ್ ಬದಲು ಮರದ ನೆಲಹಾಸು ಬಯಸಿದಲ್ಲಿ, ಮರುಕೆಲಸದ ಖರ್ಚು ಅವನದೆಂಬ ಷರತ್ತೂ ಅದೇ ಹಾಳೆಯಲ್ಲಿರಲಿ.