ಓಕ್ವುಯಿ ಎನ್ವೆಜರ್: ಪ್ರದರ್ಶನ ಮತ್ತು ಯಜಮಾನಿಕೆಯ ಪ್ರಶ್ನೆ

ಕಲಾಪ್ರದರ್ಶನವೆಂಬುದು ಕೃತಿಗಳ ಜೋಡಣೆ ಮಾತ್ರವಲ್ಲ. ಯಾವುದು ಸಮಕಾಲೀನ ಕಲೆ ಎಂದು ತೀರ್ಮಾನಿಸುವ ಅಧಿಕಾರವೂ ಅದರಲ್ಲಿ ಅಡಗಿದೆ. ಈ ಅಧಿಕಾರವನ್ನು ಒಳಗಿನಿಂದಲೇ ಪ್ರಶ್ನಿಸಿದ ಕ್ಯುರೇಟರ್ ಓಕ್ವುಯಿ ಎನ್ವೆಜರ್ (1963–2019).

ನೈಜೀರಿಯಾದ ಕಲಬಾರ್‌ನಲ್ಲಿ ಜನಿಸಿದ ಅವರು ಅಮೆರಿಕದಲ್ಲಿ ರಾಜ್ಯಶಾಸ್ತ್ರ ಅಭ್ಯಸಿಸಿದರು. ಮೊದಲು ಕವಿತೆ ಬರೆಯುತ್ತಿದ್ದರು. ಪಾಶ್ಚಾತ್ಯ ವಸ್ತುಸಂಗ್ರಹಾಲಯಗಳು ಆಫ್ರಿಕಾವನ್ನು ಬಹುಕಾಲ ಮುಖವಾಡ, ಶಿಲ್ಪಗಳ ಮೂಲಕ, ಚರಿತ್ರೆಯ ಹೊರಗಿನ ಲೋಕವಾಗಿ ಕಂಡಿದ್ದವು. ಇದಕ್ಕೆ ಪ್ರತಿಯಾಗಿ ಎನ್ವೆಜರ್ 1994ರಲ್ಲಿ ಸಂಗಡಿಗರೊಂದಿಗೆ ‘ಎನ್ಕಾ’ ಪತ್ರಿಕೆಯನ್ನು ಆರಂಭಿಸಿದರು. 1996ರಲ್ಲಿ ನ್ಯೂಯಾರ್ಕಿನ ಗುಗೆನ್‌ಹೈಮ್ ಸಂಗ್ರಹಾಲಯದಲ್ಲಿ, 1940ರಿಂದೀಚಿನ ಆಫ್ರಿಕನ್ ಛಾಯಾಗ್ರಾಹಕರ ಪ್ರದರ್ಶನವನ್ನು ಇತರರೊಡಗೂಡಿ ರೂಪಿಸಿದರು. ಅಲ್ಲಿ ಆಫ್ರಿಕನ್ನರು ಪರರ ನೋಟದ ವಸ್ತುಗಳಲ್ಲ, ಸ್ವತಃ ನೋಡುವವರು.

ಜರ್ಮನಿಯ ಕಾಸೆಲ್ ನಗರದ ಹನ್ನೊಂದನೆಯ ‘ಡಾಕ್ಯುಮೆಂಟಾ’ (2002) ಅವರ ಮಹತ್ವದ ಸಾಧನೆ. ಅದರ ನಿರ್ದೇಶಕರಾದ ಮೊದಲ ಯುರೋಪೇತರರು ಅವರೇ. ವಿಯೆನ್ನಾ–ಬರ್ಲಿನ್, ದೆಹಲಿ, ಸೇಂಟ್ ಲೂಸಿಯಾ, ಲಾಗೋಸ್‌ಗಳಲ್ಲಿ ಮೊದಲ ನಾಲ್ಕು ‘ವೇದಿಕೆ’ಗಳು ನಡೆದವು, ಕಾಸೆಲ್‌ನ ಪ್ರದರ್ಶನ ಐದನೆಯದು ಮಾತ್ರ. 2001ರ ದೆಹಲಿ ವೇದಿಕೆ ಚರ್ಚಿಸಿದ್ದು ಸತ್ಯ ಮತ್ತು ಸಂಧಾನದ ಪ್ರಕ್ರಿಯೆಗಳನ್ನು.

ಕೊನೆಯ ನಿಲುಗಡೆ ಯುರೋಪೇ ಆಗಿತ್ತೆಂಬ ಆಕ್ಷೇಪವನ್ನು ಅಲ್ಲಗಳೆಯಲಾಗದು. ಆದರೆ ಕೇಂದ್ರವನ್ನು ಅನೇಕ ನೆಲೆಗಳಲ್ಲೊಂದಾಗಿಸಿದ್ದೇ ಎನ್ವೆಜರ್ ಅವರ ನಿಜವಾದ ಕೊಡುಗೆ. ಅಂಚಿನ ಕಲೆಗೆ ಕೇಂದ್ರದಲ್ಲಿ ಸ್ಥಾನ ಕೇಳುವುದಕ್ಕಿಂತ ಇದು ಭಿನ್ನವಾದುದು.