ಅವರೆ: ಇರುಳನ್ನಳೆಯುವ ಬೆಳೆ

ಪುಷ್ಯಮಾಸದ ಚಳಿಯಲ್ಲಿ ಮಾಗಡಿಯ ಸೀಮೆಯಿಂದ ಬಂದಿಳಿದ ಅವರೆಕಾಯಿಯ ರಾಶಿಯೆದುರು ನಿಂತು, ಕಾಯೊಂದನ್ನು ಬೆರಳಿನಿಂದುಜ್ಜಿ ಮೂಸಿದ ಬಳಿಕವೇ ದರ ಕೇಳುವ ಬೆಂಗಳೂರಿನ ಬಾಪೂಜಿ ನಗರದ ಗೃಹಿಣಿಯು ಮಾಡುವುದು ಯುಕ್ತವಾದ ಪರೀಕ್ಷೆಯೇ ಸರಿ. ಏಕೆಂದರೆ ಸೊಗಡು ನೆಲೆಸಿರುವುದು ಸಿಪ್ಪೆಯ ಮೇಲೆ ಒಸರುವ ಜಿಡ್ಡಿನಲ್ಲಿ, ಮತ್ತು ಆ ಜಿಡ್ಡಿನಲ್ಲಿ ಟ್ರಾನ್ಸ್-2-ಡೋಡೆಸೆನಾಯಿಕ್, ಟ್ರಾನ್ಸ್-2-ಟೆಟ್ರಾಡೆಸೆನಾಯಿಕ್ ಎಂಬ ಮೇದಾಮ್ಲಗಳಿರುವುದನ್ನು ರಸಾಯನಜ್ಞರು ಗುರುತಿಸಿದ್ದಾರೆ. ಕಾಯಿಯನ್ನು ತೊಳೆದು, ಹೊಳಪೇರಿಸಿ ಪೇಟೆಗೆ ಒಯ್ಯುವವನು ತನ್ನ ಸರಕಿನ ಬೆಲೆಯನ್ನು ತಾನೇ ತೊಳೆದುಕೊಂಡಂತೆ.

ಬೆಳೆಗಾರನು ಮುಖ್ಯವಾಗಿ ಅರಿಯತಕ್ಕ ವಿಷಯ ಬೇರೊಂದಿದೆ. ಹಗಲಿನ ಪ್ರಮಾಣಕ್ಕೂ ಪುಷ್ಪೋದ್ಗಮಕ್ಕೂ ಇರುವ ಸಂಬಂಧವನ್ನು ಅಮೆರಿಕೆಯ ಗಾರ್ನರ್ ಮತ್ತು ಅಲಾರ್ಡ್ ಎಂಬ ವಿಜ್ಞಾನಿಗಳು ಹೊಗೆಸೊಪ್ಪು, ಸೋಯಾ ಅವರೆಗಳಲ್ಲಿ ಕಂಡು 1920ರಲ್ಲಿ ಪ್ರಕಟಿಸಿದರು. ಗಿಡವು ವಾಸ್ತವವಾಗಿ ಅಳೆಯುವುದು ಇರುಳನ್ನೆಂಬುದು ಮುಂದೆ ಸಿದ್ಧವಾಯಿತು. ನಮ್ಮ ನಾಟಿ ಅವರೆಯೂ ಹಗಲು ಕುಗ್ಗಿ ಇರುಳು ಹಿಗ್ಗಿದಾಗ ಹೂಬಿಡುವ ಹ್ರಸ್ವದಿನ ವರ್ಗಕ್ಕೆ ಸೇರಿದುದರಿಂದ, ಆಷಾಢದಲ್ಲಿ ರಾಗಿಯ ನಡುವೆ ಅಕ್ಕಡಿಯಾಗಿ ಬಿದ್ದ ಬೀಜವೂ, ಮಳೆ ಕೈಕೊಟ್ಟು ತಡವಾಗಿ ಬಿದ್ದ ಬೀಜವೂ ಇರುಳು ದೀರ್ಘವಾದೊಡನೆ ಹೆಚ್ಚುಕಡಮೆ ಒಂದೇ ಕಾಲಕ್ಕೆ ಹೂವಾಗುವುವು. ತಡವಾದ ಗಿಡವು ಮೈಬೆಳೆಸಲು ಅವಕಾಶವಿಲ್ಲದೆ ಕೆಲವೇ ಕಾಯಿ ಕೊಟ್ಟು ಮುಗಿಯುವುದು. ಬೇಸಗೆಯಲ್ಲಿ ಬಿತ್ತಿದರೋ, ಬಳ್ಳಿಯೂ ಎಲೆಯೂ ಮಾತ್ರ. ನಗರವು ಕೆಂಗೇರಿಯಾಚೆಗೂ ಚಾಚಿರುವ ಈ ಕಾಲದಲ್ಲಿ, ಬಡಾವಣೆಯ ಪ್ರಖರ ದೀಪ ರಾತ್ರಿಯಿಡೀ ಬೀಳುವ ಅಂಚಿನ ಸಾಲುಗಳಲ್ಲಿ ಹೂ ತಡವಾದರೆ, ಗೊಬ್ಬರವನ್ನು ಶಂಕಿಸುವ ಮೊದಲು ದೀಪವನ್ನು ಶಂಕಿಸಬೇಕು.

ಬೆಂಗಳೂರು ಕೃಷಿ ವಿಶ್ವವಿದ್ಯಾನಿಲಯವು ಹೊರತಂದ ಹೆಬ್ಬಾಳ ಅವರೆ 3 ಮತ್ತು 4 ತಳಿಗಳಿಗೆ ಇರುಳಿನ ಈ ಕಟ್ಟುಪಾಡಿಲ್ಲ. ನೀರಿನ ಅನುಕೂಲವುಳ್ಳವರು ಅವನ್ನು ವರ್ಷದ ಬಹುಭಾಗದಲ್ಲಿ ಬೆಳೆಯಬಹುದು. ಆದರೂ ಚಳಿಗಾಲದ ಕಾಯಿಯ ಸೊಗಡೇ ಸೊಗಡೆಂಬ ತಿನ್ನುವವರ ತೀರ್ಪನ್ನು ನಾನು ಅಲ್ಲಗಳೆಯಲಾರೆ.

ಇನ್ನು ಬೇರಿನ ವಿಚಾರ. ಹೂಬಿಡುವ ಮುನ್ನ ಗಿಡವೊಂದನ್ನು ಮಣ್ಣುಸಹಿತ ಮೆಲ್ಲನೆ ಅಗೆದು, ಬೇರಿನ ಗಂಟನ್ನು ಉಗುರಿನಿಂದ ಸೀಳಿದರೆ ಒಳಗೆ ನಸುಗೆಂಪು ಕಾಣಬೇಕು. ಅದು ಲೆಗ್‌ಹಿಮೋಗ್ಲೋಬಿನ್, ನಮ್ಮ ರಕ್ತದ ಕೆಂಪಿಗೆ ಸಗೋತ್ರವಾದ ವಸ್ತು, ಗಾಳಿಯ ಸಾರಜನಕವನ್ನು ಹಿಡಿಯುವ ರೈಜೋಬಿಯಂ ಅಣುಜೀವಿಗಳಿಗೆ ಬೇಕಾದಷ್ಟೇ ಆಮ್ಲಜನಕವನ್ನು ಒದಗಿಸತಕ್ಕದ್ದು. ಒಳಭಾಗ ಬಿಳುಪಾಗಿಯೋ ಹಸುರಾಗಿಯೋ ಇದ್ದರೆ ಗಂಟು ದುಡಿಯುತ್ತಿಲ್ಲ. ಅಂಥ ಹೊಲದಲ್ಲಿ ಮುಂದಿನ ಸಲ ಬಿತ್ತನೆಯ ಬೀಜಕ್ಕೆ ಬೆಲ್ಲದ ಅಂಟಿನೊಡನೆ ರೈಜೋಬಿಯಂ ಲೇಪಿಸಿ ನೆರಳಿನಲ್ಲಿ ಆರಿಸಿರಿ. ಯೂರಿಯಾವನ್ನು ಮಿತಿಮೀರಿ ಚೆಲ್ಲದಿರಿ, ಮಣ್ಣಿನಲ್ಲಿ ಸಾರಜನಕ ಸುಲಭವಾಗಿ ದೊರೆತಷ್ಟೂ ಗಿಡ ಗಂಟು ಕಟ್ಟುವುದನ್ನು ಕೈಬಿಡುತ್ತದೆ. ಬೀಜ ಕೊಳ್ಳುವಾಗ ಅದು ನಾಟಿಯೋ ಹೆಬ್ಬಾಳದ್ದೋ ಎಂದು ವಿಚಾರಿಸಿಕೊಂಡೇ ಬಿತ್ತನೆಯ ತಿಂಗಳನ್ನು ನಿಶ್ಚಯಿಸಿರಿ.