ಮಾತು ಕೇಳದ ಮಗನನ್ನು ರಿಮ್ಯಾಂಡ್ ಹೋಮಿಗೆ ಸೇರಿಸಬಹುದೇ?

ಪ್ರಶ್ನೆ: ಮಗನಿಗೆ 15 ವರ್ಷ. ಶಾಲೆಗೆ ಚಕ್ಕರ್ ಹಾಕುತ್ತಾನೆ, ತಡರಾತ್ರಿ ಮನೆಗೆ ಬರುತ್ತಾನೆ. ಎರಡು ಸಲ ಮನೆ ಬಿಟ್ಟು ಹೋಗಿದ್ದ. ಯಜಮಾನರು ಹೊಡೆದೂ ನೋಡಿದರು. ‘ನಮ್ಮ ಕೈಮೀರಿದ್ದಾನೆ’ ಎಂದು ಬರೆದುಕೊಟ್ಟರೆ ರಿಮ್ಯಾಂಡ್ ಹೋಮಿಗೆ ಸೇರಿಸಿಕೊಳ್ಳುತ್ತಾರಂತೆ, ನಿಜವೇ?

ಉತ್ತರ: ಹೆತ್ತ ಮಗನನ್ನು ಬೇರೆಯವರಿಗೆ ಒಪ್ಪಿಸುವ ಯೋಚನೆ ಬರಬೇಕಾದರೆ ನೀವು ಎಷ್ಟು ದಣಿದಿರಬೇಕು! ಹಾಗೆ ಅನ್ನಿಸಿದ ಮಾತ್ರಕ್ಕೆ ನೀವು ಕೆಟ್ಟ ತಾಯಿಯಲ್ಲ. ಈ ಸಂಕಟವನ್ನು ಯಾರಿಗೂ ಹೇಳದೆ ನುಂಗಿಕೊಂಡ ಮನೆಗಳು ಬಹಳ ಇವೆ.

ನೀವು ಕೇಳಿದ ಮಾತು ಹಳೆಯ ಕಾನೂನಿನದು. ಹತೋಟಿ ಮೀರಿದ ಮಕ್ಕಳ ಬಗ್ಗೆ ತಂದೆತಾಯಿ ದೂರು ಕೊಡಲು 1986ರ ಬಾಲ ನ್ಯಾಯ ಕಾಯ್ದೆಯಲ್ಲಿ ಅವಕಾಶವಿತ್ತು. ಈಗಿನ 2015ರ ಕಾಯ್ದೆಯಲ್ಲಿ ಅಂಥ ಪ್ರತ್ಯೇಕ ವರ್ಗವಿಲ್ಲ. ಅಪರಾಧದ ಆರೋಪವಿರುವ ಮಕ್ಕಳ ವಿಚಾರಣೆ ಬಾಲ ನ್ಯಾಯ ಮಂಡಳಿಯದು. ಪಾಲನೆ, ರಕ್ಷಣೆ ಬೇಕಾದ ಮಕ್ಕಳ ಹೊಣೆ ಮಕ್ಕಳ ಕಲ್ಯಾಣ ಸಮಿತಿಯದು. ಶಾಲೆ ತಪ್ಪಿಸುವುದು, ಎದುರು ಮಾತಾಡುವುದು ಅಪರಾಧವಲ್ಲ. ಮಗುವನ್ನು ಸಂಸ್ಥೆಗೆ ಸೇರಿಸುವುದು ಕೊನೆಯ ದಾರಿ ಎಂದೇ ಕಾಯ್ದೆ ಹೇಳುತ್ತದೆ.

ಹಾಗಾಗಿ ‘ಇವನನ್ನು ಹೇಗೆ ಹದ್ದುಬಸ್ತಿನಲ್ಲಿಡಲಿ’ ಎಂಬುದನ್ನು ಸ್ವಲ್ಪ ಬದಿಗಿಟ್ಟು, ‘ಇವನಿಗೆ ಏನಾಗಿದೆ’ ಎಂದು ಯೋಚಿಸಿ. ಮನೆ ಬಿಟ್ಟು ಹೋಗುವ ಹುಡುಗ ಯಾವುದೋ ಭಯದಿಂದ ಓಡುತ್ತಿರಬಹುದು. ಪಾಠ ತಲೆಗೆ ಹತ್ತದಿರುವುದು, ಶಾಲೆಯಲ್ಲಿ ಯಾರದೋ ಕಾಟ, ಚಟ, ಖಿನ್ನತೆ, ಇವುಗಳಲ್ಲಿ ಯಾವುದಾದರೂ ಇರಬಹುದು.

ಮೊದಲು ಹೊಡೆತ ನಿಲ್ಲಲಿ. ಈ ಮಾತನ್ನು ನಿಮ್ಮ ಯಜಮಾನರೂ ಓದಲಿ. ‘ರಿಮ್ಯಾಂಡ್ ಹೋಮಿಗೆ ಹಾಕಿಸ್ತೀನಿ’ ಎಂಬ ಬೆದರಿಕೆಯೂ ಬೇಡ. ಅವನು ಶಾಂತವಾಗಿರುವ ಹೊತ್ತು ನೋಡಿ ಪಕ್ಕದಲ್ಲಿ ಕೂತು, ಉಪದೇಶ ಮಾಡದೆ ಕೇಳಿಸಿಕೊಳ್ಳಿ. ಮನೆಗೆ ಮರಳುವ ಸಮಯದಂಥ ಒಂದೆರಡು ನಿಯಮಗಳನ್ನು ಅವನ ಜೊತೆ ಕೂತೇ ಮಾಡಿ, ಅವನ್ನು ಸಡಿಲಿಸಬೇಡಿ. ಅವನು ನಂಬುವ ಸೋದರಮಾವನೋ ಮೇಷ್ಟ್ರೋ ಇದ್ದರೆ ನೆರವು ಕೇಳಿ.

ಹೊರಗಿನ ಸಹಾಯಕ್ಕೆ ಸಂಕೋಚ ಬೇಡ. ಟೆಲಿ ಮನಸ್ ಸಹಾಯವಾಣಿ 14416ರಲ್ಲಿ ಆಪ್ತಸಮಾಲೋಚಕರು ಉಚಿತವಾಗಿ ಮಾತಾಡುತ್ತಾರೆ. ಜಿಲ್ಲಾಸ್ಪತ್ರೆಯ ಮನೋವೈದ್ಯರನ್ನೂ ಕಾಣಬಹುದು. ಅವನು ಮತ್ತೆ ಮನೆ ಬಿಟ್ಟರೆ ಮಕ್ಕಳ ಸಹಾಯವಾಣಿ 1098ಕ್ಕೆ ಕರೆ ಮಾಡಿ, ಪೊಲೀಸ್ ಠಾಣೆಗೂ ತಕ್ಷಣ ತಿಳಿಸಿ. ಅವನಿಂದ ಅವನಿಗೋ ಮನೆಯವರಿಗೋ ಅಪಾಯ ಕಂಡರೆ 112ಕ್ಕೆ ಕರೆ ಮಾಡಿ. ಮಕ್ಕಳ ಕಲ್ಯಾಣ ಸಮಿತಿಯ ಬಳಿಯೂ ಹೋಗಬಹುದು. ಆದರೆ ಮಗನನ್ನು ಬಿಟ್ಟುಬರಲು ಹೋಗಬೇಡಿ, ಅವನನ್ನು ಉಳಿಸಿಕೊಳ್ಳಲು ಹೋಗಿ.